ಕೇಳಿ ಪಡೆದ ಊರನ್ನು ದಾನ ಕೊಟ್ಟ ದಂಡನಾಯಕ ಗಂಗರಾಜ

ಹೊಯ್ಸಳರು ಅಂದರೆ ನಮಗೆ ಮೊದಲು ನೆನಪಾಗುವುದು ಬೇಲೂರು, ಹಳೇಬೀಡು. ಆಮೇಲೆ ವಿಷ್ಣುವರ್ಧನ, ಶಾಂತಲೆ. ಆ ರಾಜ್ಯಕ್ಕಾಗಿ ಕತ್ತಿ ಹಿಡಿದ ದಂಡನಾಯಕನ ಹೆಸರನ್ನು ಬಾಳ್ಳುಪೇಟೆಯಲ್ಲಿ ಕೇಳಿದರೆ ಹೇಳುವವರು ಕಡಿಮೆ. ಅವನು ಗಂಗರಾಜ.

ಹೊಯ್ಸಳರು ನಮ್ಮ ಮಲೆನಾಡಿನವರೇ. ಅವರ ಮೂಲ ಸೊಸೆವೂರು, ಅಂದರೆ ಮೂಡಿಗೆರೆ ತಾಲ್ಲೂಕಿನ ಈಗಿನ ಅಂಗಡಿ. 'ಮಲೆಪರೊಳ್ ಗಂಡ' ಎಂಬುದು ಅವರ ಬಿರುದು. ಮಲೆಯ ಒಡೆಯರಲ್ಲೆಲ್ಲ ಶೂರ ಎಂದರ್ಥ. ಬೆಟ್ಟ ಇಳಿದು ಬಯಲಿಗೆ ಬಂದರೆ ತೆಂಕಣದಲ್ಲಿ ಚೋಳರಿದ್ದರು. ಕಾವೇರಿ ದಡದ ತಲಕಾಡು ಅವರ ಕೈಸೇರಿ ನೂರು ವರ್ಷ ದಾಟಿತ್ತು.

ಗಂಗರಾಜನ ತಂದೆ ಏಚಿರಾಜ, ತಾಯಿ ಪೋಚಿಕಬ್ಬೆ. ಜೈನ ಮನೆತನ. 1116ರ ಸುಮಾರಿಗೆ ಅವನು ಸೈನ್ಯ ಕಟ್ಟಿಕೊಂಡು ತಲಕಾಡಿಗೆ ಹೋದ. ಅಲ್ಲಿದ್ದ ಚೋಳ ಸಾಮಂತ ಅದಿಯಮನಿಗೆ, ನಾಡು ಬಿಟ್ಟುಕೊಡು ಎಂದು ಹೇಳಿಕಳಿಸಿದ. ಕಾದಾಡಿ ತೆಗೆದುಕೋ ಎಂಬ ಉತ್ತರ ಬಂತು. ಗಂಗರಾಜ ಕಾದಾಡಿಯೇ ತೆಗೆದುಕೊಂಡ. 'ತಲಕಾಡುಗೊಂಡ' ಎಂಬ ಬಿರುದು ಮಾತ್ರ ರಾಜನಿಗೆ ಸಂದಿತು.

ಬಡಗಣದಲ್ಲಿ ಕಲ್ಯಾಣದ ಚಾಲುಕ್ಯ ಚಕ್ರವರ್ತಿ ಆರನೇ ವಿಕ್ರಮಾದಿತ್ಯ. ಹೊಯ್ಸಳರು ಅವನ ಸಾಮಂತರು. ಸಾಮಂತ ತಲೆ ಎತ್ತಿದರೆ ಚಕ್ರವರ್ತಿ ಸುಮ್ಮನಿರುತ್ತಾನೆಯೇ? 12 ಸಾಮಂತರ ಜೊತೆ ಬಂದ ಅವನ ಸೈನ್ಯ ಕಣ್ಣೇಗಾಲದಲ್ಲಿ ಬೀಡು ಬಿಟ್ಟಿತು. ಗಂಗರಾಜ ಬೆಳಗಾಗುವುದನ್ನು ಕಾಯಲಿಲ್ಲ. ರಾತ್ರಿಯೇ ಬೀಡಿನೊಳಗೆ ನುಗ್ಗಿ ಸೈನ್ಯವನ್ನು ಚದುರಿಸಿದ. ಅವರ ಸರಕು, ವಾಹನಗಳನ್ನೆಲ್ಲ ತಂದು ರಾಜನಿಗೆ ಒಪ್ಪಿಸಿದ.

ಮೆಚ್ಚಿದ ವಿಷ್ಣುವರ್ಧನ, ಬೇಕಾದ್ದು ಕೇಳು ಅಂದ. ಗಂಗರಾಜ ಕೇಳಿದ್ದು ಪರಮ ಎಂಬ ಒಂದು ಊರು. ಸಿಕ್ಕಿದ ಊರನ್ನು ತಾಯಿ ಮತ್ತು ಹೆಂಡತಿ ಲಕ್ಷ್ಮಿ ಕಟ್ಟಿಸಿದ್ದ ಬಸದಿಗಳ ಪೂಜೆಗೆ ಬಿಟ್ಟುಕೊಟ್ಟ. ತಲಕಾಡು ಗೆದ್ದಾಗಲೂ ಹಾಗೆಯೇ: ಗೋವಿಂದವಾಡಿಯನ್ನು ಕೇಳಿ ಪಡೆದು ಗೊಮ್ಮಟನಿಗೆ ಕೊಟ್ಟ. ಪರಮದ ದತ್ತಿ ಬರೆದ 1118ರ ಕಲ್ಲು ಶ್ರವಣಬೆಳಗೊಳದ ಚಿಕ್ಕಬೆಟ್ಟದ ಬಸದಿಯೊಂದರ ಬಾಗಿಲಲ್ಲಿದೆ. ಅದರಿಂದಲೇ ಆ ಬಸದಿಗೆ ಶಾಸನ ಬಸದಿ ಎಂಬ ಹೆಸರು. ಕಣ್ಣೇಗಾಲದ ರಾತ್ರಿಯ ಸುದ್ದಿಯನ್ನು ನಮಗೆ ಹೇಳುವುದೂ ಅದೇ ದಾನದ ಕಲ್ಲು. ದೊಡ್ಡಬೆಟ್ಟದಲ್ಲಿ ಗೊಮ್ಮಟನ ಸುತ್ತ ಇರುವ ಸುತ್ತಾಲಯ ಕಟ್ಟಿಸಿದ್ದೂ ಇವನೇ.

ಇಲ್ಲಿ ನಾವು ಹಳ್ಳಿಯವರು ಒಂದು ಮಾತು ಗಮನಿಸಬೇಕು. ಊರನ್ನು ದತ್ತಿ ಬಿಡುವುದೆಂದರೆ ಆ ಊರಿನ ಕಂದಾಯ ಅರಮನೆಯ ಬದಲು ಬಸದಿಗೆ ಸಲ್ಲುವುದು. ದಂಡನಾಯಕ ಕೊಟ್ಟ, ನಿಜ. ವರ್ಷ ವರ್ಷವೂ ಬೆಳೆದು ತುಂಬಿದವರು ಅಲ್ಲಿನ ರೈತರು. ಕಲ್ಲು ಕೊಟ್ಟವನ ಕಥೆ ಹೇಳುತ್ತದೆ. ಉತ್ತವರ ಕಥೆಯನ್ನು ನಾವೇ ಸೇರಿಸಿ ಓದಿಕೊಳ್ಳಬೇಕು.

ಅಹಿಂಸೆಯ ಧರ್ಮದವನು ಯುದ್ಧ ಮಾಡಿದ್ದು ಹೇಗೆ ಎಂದು ಕೆಲವರು ಕೇಳಬಹುದು. ಜೈನರಲ್ಲಿ ಮುನಿಯ ವ್ರತವೇ ಬೇರೆ, ಸಂಸಾರಿಯ ವ್ರತವೇ ಬೇರೆ. ನಾಡು ಕಾಯುವುದು ಸಂಸಾರಿಯ ಕೆಲಸದಲ್ಲಿ ಸೇರಿತ್ತು. ಅವನ ಮನೆಯಲ್ಲೇ ಇನ್ನೊಂದು ದಾರಿಯೂ ಇತ್ತು. 1120ರ ಆಸುಪಾಸಿನಲ್ಲಿ ತಾಯಿ, ಆಮೇಲೆ ಹೆಂಡತಿ, ಇಬ್ಬರೂ ಅನ್ನಾಹಾರ ಬಿಟ್ಟು ಸಲ್ಲೇಖನದಿಂದ ದೇಹ ಬಿಟ್ಟರು. ಅವರ ನೆನಪಿನ ಕಲ್ಲುಗಳು ಶ್ರವಣಬೆಳಗೊಳದಲ್ಲಿವೆ.

ಗಂಗರಾಜ ತೀರಿಕೊಂಡ ಮೇಲೆ ಮಗ ಬೊಪ್ಪ 1133ರಲ್ಲಿ ಹಳೇಬೀಡಿನಲ್ಲಿ ಅಪ್ಪನ ನೆನಪಿಗೆ ಬಸದಿ ಕಟ್ಟಿಸಿ 'ದ್ರೋಹಘರಟ್ಟ ಜಿನಾಲಯ' ಎಂದು ಹೆಸರಿಟ್ಟ. ದ್ರೋಹಘರಟ್ಟ ಅಪ್ಪನ ಬಿರುದು. ಘರಟ್ಟ ಅಂದರೆ ಬೀಸುವ ಕಲ್ಲು. ದ್ರೋಹಿಗಳನ್ನು ಅರೆದವನು ಎಂದರ್ಥ. ಪ್ರತಿಷ್ಠೆಯ ಪ್ರಸಾದ ಬಂಕಾಪುರದಲ್ಲಿದ್ದ ರಾಜನಿಗೆ ತಲುಪಿದಾಗ ಅವನು ಯುದ್ಧ ಗೆದ್ದಿದ್ದ, ಗಂಡುಮಗು ಹುಟ್ಟಿತ್ತು. ಆ ಖುಷಿಯಲ್ಲಿ ದೇವರಿಗೆ ವಿಜಯ ಪಾರ್ಶ್ವ, ಮಗುವಿಗೆ ವಿಜಯ ನರಸಿಂಹ ಎಂದು ಹೆಸರಿಟ್ಟ.

ಹಳೇಬೀಡಿಗೆ ಹೋದವರು ಹೊಯ್ಸಳೇಶ್ವರ ನೋಡಿ ಬಸ್ ಹತ್ತಿಬಿಡುತ್ತಾರೆ. ಹತ್ತಿರದಲ್ಲೇ ಇರುವ ಈ ಪಾರ್ಶ್ವನಾಥ ಬಸದಿಗೂ ಹೋಗಿ ಬನ್ನಿ. ಕನ್ನಡಿಯಂತೆ ಮುಖ ತೋರುವ ಕಂಬಗಳನ್ನು ಮಕ್ಕಳಿಗೆ ತೋರಿಸುವಾಗ ಗಂಗರಾಜನ ಹೆಸರನ್ನೂ ಹೇಳಿ.