ಪೋಳಿನ ಹೊಸ್ತಿಲು

ಅಹಮದಾಬಾದಿನ ಬಗ್ಗೆ ಇಪ್ಪತ್ತೆಂಟು ವರ್ಷ ಮಕ್ಕಳಿಗೆ ನಾನು ಹೇಳಿಕೊಟ್ಟದ್ದು ಒಂದೇ ಒಂದು ವಾಕ್ಯ. 1411ರಲ್ಲಿ ಗುಜರಾತಿನ ಸುಲ್ತಾನ ಅಹಮದ್ ಷಾ ಸಾಬರಮತಿ ನದಿಯ ದಂಡೆಯ ಮೇಲೆ ಈ ನಗರವನ್ನು ಕಟ್ಟಿದ. ಅದಾದ ಮೇಲೆ ಗಾಂಧೀಜಿ ಬಂದು ಆಶ್ರಮ ಕಟ್ಟುವವರೆಗೆ ನಮ್ಮ ಪಾಠದಲ್ಲಿ ಆ ಊರಿನ ಸುದ್ದಿಯೇ ಇಲ್ಲ. ನಡುವಿನ ಐದು ನೂರು ವರ್ಷ ಅಲ್ಲಿ ಯಾರು ನೀರು ಸೇದಿದರು, ಯಾರು ಮನೆ ತೂಗಿಸಿದರು ಎಂದು ಯಾವ ಹುಡುಗಿಯೂ ಎದ್ದು ನಿಂತು ಕೇಳಲಿಲ್ಲ. ಕೇಳಿದ್ದರೆ ನನ್ನ ಹತ್ತಿರ ಉತ್ತರವೂ ಇರಲಿಲ್ಲ.

ಆ ಊರಿಗೆ ನನ್ನ ಮಗಳು ಸೊಸೆಯಾಗಿ ಹೋಗಿ ಒಂಬತ್ತು ವರ್ಷ. ಬೆಂಗಳೂರಿನಲ್ಲಿ ಕೆಲಸಕ್ಕಿದ್ದಾಗ ಪರಿಚಯವಾದ ಗುಜರಾತಿ ಹುಡುಗ. ನಮ್ಮ ಮನೆಯವರು ಒಪ್ಪಲಿಲ್ಲ. "ನಾ ಹೋಗೂದಿಲ್ಲ, ನೀನೂ ಹೋಗೂದು ಬ್ಯಾಡ" ಅಂದುಬಿಟ್ಟರು. ನಾನು ಹೋಗಲಿಲ್ಲ. ಮದುವೆಯ ದಿನ ಶಾಲೆಗೆ ಹೋಗಿ ಪಾಣಿಪತ್ ಕದನದ ಪಾಠ ಮಾಡಿದೆ. ಯಾರು ಗೆದ್ದರು, ಯಾರು ಸೋತರು ಎಂಬುದು ಬಾಯಿಪಾಠವಾಗಿದ್ದರಿಂದ ತೊಂದರೆಯಾಗಲಿಲ್ಲ. ಮುಂದೆ ಮೊಮ್ಮಗ ಹುಟ್ಟಿದ. ಅವರು ಫೋನಿನಲ್ಲಿ ಮಾತಾಡಲು ಶುರು ಮಾಡಿದರು. ಮಗಳು-ಅಳಿಯ ಎರಡು ಸಲ ಗದಗಿಗೆ ಬಂದೂ ಹೋದರು. ನಾವು ಮಾತ್ರ ಅತ್ತ ಕಾಲಿಡಲಿಲ್ಲ. ಮೂರು ವರ್ಷದ ಹಿಂದೆ ಅವರು ತೀರಿಕೊಂಡರು. ಹೋದ ಡಿಸೆಂಬರಿನಲ್ಲಿ ಎಂಟು ದಿನ ರಜೆ ಹಾಕಿ, ಒಂದು ಡಬ್ಬಿ ಶೇಂಗಾ ಹೋಳಿಗೆ ಕಟ್ಟಿಕೊಂಡು, ಹುಬ್ಬಳ್ಳಿಯಲ್ಲಿ ರೈಲು ಹತ್ತಿದೆ.

ಹೋದ ಮರುದಿನ ಮಗಳು ನನ್ನನ್ನು ಅಸಾರ್ವಾ ಎಂಬಲ್ಲಿಯ ಮೆಟ್ಟಿಲು ಬಾವಿಗೆ ಕರೆದುಕೊಂಡು ಹೋದಳು. ಗುಜರಾತಿಗಳು ಇಂಥ ಬಾವಿಗೆ ವಾವ್ ಎನ್ನುತ್ತಾರೆ. ಮೇಲಿನಿಂದ ನೋಡಿದರೆ ಒಂದು ಮಂಟಪ, ಅಷ್ಟೇ. ಒಳಗಿಳಿದರೆ ಕಂಬಗಳ ಮೇಲೆ ಕಂಬ, ಅಂತಸ್ತಿನ ಕೆಳಗೆ ಅಂತಸ್ತು. ಐದು ಅಂತಸ್ತು ಇಳಿದ ಮೇಲೆ ಬಾವಿಯ ತಳ. ಲಕ್ಕುಂಡಿಯ ಮುಸುಕಿನ ಬಾವಿಯನ್ನು ನೂರು ಸಲ ನೋಡಿದ ನನಗೂ ಒಂದು ಕ್ಷಣ ಉಸಿರು ನಿಂತಿತು. ಇದಕ್ಕೆ ಜನ ಕರೆಯುವ ಹೆಸರು ದಾದಾ ಹರಿ ವಾವ್. ದಾದಾ ಎಂದರೆ ಅಜ್ಜ. ಯಾರೋ ಪುಣ್ಯಾತ್ಮ ಮುದುಕ ಕಟ್ಟಿಸಿರಬೇಕು ಅಂದುಕೊಂಡೆ. ಅಲ್ಲ. ಕಟ್ಟಿಸಿದವಳು ಬಾಯಿ ಹರೀರ್. ಸುಲ್ತಾನ ಮಹಮೂದ್ ಬೇಗಡಾನ ಅಂತಃಪುರದ ಮೇಲ್ವಿಚಾರಣೆ ಅವಳದಾಗಿತ್ತು. ಗೋಡೆಯಲ್ಲಿ ಎರಡು ಶಾಸನಗಳಿವೆ, ಒಂದು ಸಂಸ್ಕೃತದ್ದು, ಒಂದು ಅರಬ್ಬಿಯದು. ಸಂಸ್ಕೃತ ಶಾಸನ 1499ನೆಯ ಇಸವಿಯದು. ನಾಲ್ಕು ದಿಕ್ಕಿನಿಂದ ಬಾಯಾರಿ ಬರುವ ಮನುಷ್ಯರಿಗೆ, ದನಕರುಗಳಿಗೆ, ಹಕ್ಕಿಗಳಿಗೆ, ಗಿಡಮರಗಳಿಗೆ ಎಂದು ಅದರಲ್ಲಿ ಹೇಳಿದೆ. ಖರ್ಚನ್ನೂ ಬರೆದಿದೆ: 3,29,000 ಮಹಮೂದಿ ನಾಣ್ಯ. ಮನೆವಾರ್ತೆಯ ಲೆಕ್ಕ ಬರೆದಿಡುವ ಹೆಂಗಸರ ಜಾತಿಯವಳೇ ಅವಳೂ, ಬಿಡಿ. ಇಷ್ಟೆಲ್ಲ ಕಲ್ಲಿನಲ್ಲಿ ಕೊರೆಸಿಟ್ಟರೂ ಅವಳ ಹೆಸರು ಜನರ ಬಾಯಲ್ಲಿ ಸವೆದು ಸವೆದು ದಾದಾ ಆಯಿತು!

"ನೋಡವ್ವಾ, ಇತಿಹಾಸದಾಗ ಹೆಂಗಸರು ಇಲ್ಲ ಅಂತಿದ್ದಿ" ಎಂದಳು ಮಗಳು. ಒಂಬತ್ತು ವರ್ಷದಲ್ಲಿ ಅವಳು ನನ್ನನ್ನು ಕೇಳಬಹುದಾಗಿದ್ದ ಪ್ರಶ್ನೆ ಬೇರೆಯೇ ಇತ್ತು. ಅದನ್ನು ಅವಳು ಕೇಳಲಿಲ್ಲ. ಮೆಟ್ಟಿಲು ಹತ್ತುವಾಗ ನನ್ನ ಮೊಣಕಾಲು ನೋಯುತ್ತದೆಂದು ಕೈ ಮಾತ್ರ ಹಿಡಿದುಕೊಂಡಳು.

ಇನ್ನು ನನ್ನ ಬೀಗತಿಯ ಸಂಗತಿ. ಅಳಿಯನ ತಾಯಿ ನನಗಿಂತ ಹತ್ತು ವರ್ಷ ಹಿರಿಯರು. ಅವರೂ ಯಜಮಾನರನ್ನು ಕಳೆದುಕೊಂಡವರೇ. ನನ್ನನ್ನು ವೇವಾಣ್ ಎಂದು ಕರೆಯುತ್ತಿದ್ದರು, ಅಂದರೆ ಬೀಗತಿ. ನನ್ನದು ಪರೀಕ್ಷೆ ಪಾಸಾದ ಹಿಂದಿ, ಅವರದು ಗುಜರಾತಿ ಬೆರೆತ ಹಿಂದಿ. ಎರಡು ದಿನ ಎದುರುಬದುರು ಕೂತು ಚಹಾ ಕುಡಿದದ್ದೇ ಕುಡಿದದ್ದು. ಮಾತು ಹವಾಮಾನ ದಾಟಿ ಮುಂದೆ ಹೋಗಲಿಲ್ಲ. ಮೂರನೆಯ ದಿನ ಅವರೇ, "ಹೀಗೆ ಕೂತರೆ ನಾವಿಬ್ಬರೂ ಚಹಾ ಕುಡಿದೇ ಸಾಯುತ್ತೇವೆ, ನಡೆಯಿರಿ" ಎಂದರು. ಹಳೆ ಊರನ್ನು ಬೆಳಗಿನ ಹೊತ್ತು ನಡೆಸಿಕೊಂಡು ತೋರಿಸುವ ವ್ಯವಸ್ಥೆಯೊಂದನ್ನು ಅಲ್ಲಿಯ ಮಹಾನಗರ ಪಾಲಿಕೆ 1997ರಲ್ಲಿಯೇ ಶುರು ಮಾಡಿದೆ. ಇವರು ಮೂವತ್ತು ವರ್ಷ ಆ ಹಳೆ ಊರಿನಲ್ಲಿ ಸಂಸಾರ ಮಾಡಿದವರು. "ನನ್ನ ಓಣಿ ನೋಡಲು ನಾನೇ ಟಿಕೇಟು ತೆಗೆಯುವುದೇ?" ಎಂದು ಒಮ್ಮೆಯೂ ಹೋಗಿರಲಿಲ್ಲವಂತೆ. ನನಗಾಗಿ ತೆಗೆದರು.

ನಡಿಗೆ ಶುರುವಾಗುವುದು ಕಾಳುಪುರದ ಸ್ವಾಮಿನಾರಾಯಣ ಮಂದಿರದಿಂದ. 1822ರಲ್ಲಿ ಕಟ್ಟಿದ್ದು, ಆ ಸಂಪ್ರದಾಯದ ಮೊದಲ ದೇವಸ್ಥಾನ. ಬರ್ಮಾ ತೇಗದ ಕಂಬಗಳ ಕೆತ್ತನೆಗೆ ಬಣ್ಣ ಬಳಿದು ಜಾತ್ರೆಯ ತೇರಿನಂತೆ ಮಾಡಿದ್ದಾರೆ. ದಾರಿ ತೋರಿಸುವವನು ಇನ್ನೂ ಮೀಸೆ ಬಲಿಯದ ಹುಡುಗ, ಆದರೆ ಚೆನ್ನಾಗಿ ಓದಿಕೊಂಡವನು. ಗುಂಪಿನಲ್ಲಿ ನಾವು ಹನ್ನೊಂದು ಜನ.

ಪೋಳ್ ಎಂದರೇನು ಎಂದು ಅವನು ವಿವರಿಸಿದ. ಊರೊಳಗಿನ ಊರು ಎನ್ನಬಹುದು. ಒಂದೇ ಕಸುಬಿನ, ಇಲ್ಲವೇ ಒಂದೇ ಜಾತಿಯ ಮನೆಗಳೆಲ್ಲ ಒಂದು ಇಕ್ಕಟ್ಟಾದ ಓಣಿಯ ಎರಡೂ ಬದಿಗೆ ಅಂಟಿಕೊಂಡಿರುತ್ತವೆ. ಬಾಯಿಗೆ ಒಂದು ದೊಡ್ಡ ಬಾಗಿಲು. ರಾತ್ರಿ ಅದನ್ನು ಹಾಕಿದರೆ ಹೊರಗಿನವರು ಒಳಗೆ ಬರುವಂತಿಲ್ಲ. ಹದಿನೆಂಟನೆಯ ಶತಮಾನದಲ್ಲಿ ಮೊಗಲರು, ಮರಾಠರು ಈ ಊರಿಗಾಗಿ ಕಿತ್ತಾಡುತ್ತಿದ್ದ ಕಾಲಕ್ಕೆ ಈ ಬಾಗಿಲುಗಳು ಎಷ್ಟು ಮನೆ ಉಳಿಸಿರಬೇಕು! ಅಪಾಯ ಬಂದರೆ ಒಂದು ಪೋಳಿನಿಂದ ಇನ್ನೊಂದಕ್ಕೆ ದಾಟಿಕೊಳ್ಳಲು ಗುಟ್ಟಿನ ದಾರಿಗಳೂ ಇವೆ ಎಂದು ಹುಡುಗ ಹೇಳುತ್ತಿದ್ದಂತೆ ನನ್ನ ಬೀಗತಿ ಮೆಲ್ಲಗೆ, "ಗುಟ್ಟೇನು ಬಂತು, ಸಕ್ಕರೆ ಸಾಲ ತರಲು ನಾವು ಅಲ್ಲೇ ಹೋಗುತ್ತಿದ್ದೆವು" ಎಂದರು. ಗುಂಪಿನವರೆಲ್ಲ ಅವರತ್ತ ತಿರುಗಿದರು. ಅಲ್ಲಿಂದ ಮುಂದೆ ಹುಡುಗ ಪ್ರತಿ ಮಾತಿಗೂ ಅವರ ಮುಖ ನೋಡತೊಡಗಿದ, ತಪಾಸಣೆಗೆ ಬಂದ ಸಾಹೇಬರನ್ನು ನೋಡಿದ ಹೊಸ ಮಾಸ್ತರನಂತೆ.

ಲಂಬೇಶ್ವರ ಪೋಳಿನಲ್ಲಿ ಗುಜರಾತಿ ಕವಿ ದಲಪತ್‌ರಾಮ್ ಅವರ ಮನೆ ಇದ್ದ ಜಾಗವಿದೆ. ಮನೆ ಉಳಿದಿಲ್ಲ, ಮುಂಭಾಗವನ್ನಷ್ಟೇ ಮತ್ತೆ ಕಟ್ಟಿ, ಜಗಲಿಯ ಮೇಲೆ ಕವಿಯ ಲೋಹದ ಮೂರ್ತಿಯನ್ನು ಕೂಡಿಸಿದ್ದಾರೆ. ನಮ್ಮಲ್ಲಾಗಿದ್ದರೆ ಸರ್ಕಲ್ಲಿನಲ್ಲಿ ನಿಲ್ಲಿಸಿ ಸುತ್ತ ಬೇಲಿ ಹಾಕುತ್ತಿದ್ದೆವು. ಇಲ್ಲಿ ಶಾಲೆಯ ಹುಡುಗನೊಬ್ಬ ಕವಿಯ ಪಕ್ಕದಲ್ಲಿ ಕೂತು ಬೂಟಿನ ದಾರ ಕಟ್ಟಿಕೊಳ್ಳುತ್ತಿದ್ದ. ಓಣಿಯ ತಿರುವಿನಲ್ಲಿ ಕಂಬದ ಮೇಲೆ ಪುಟ್ಟ ಗೋಪುರದಂಥ ಚಬೂತರೋ. ಹಕ್ಕಿಗಳಿಗೆ ಕಾಳು-ನೀರು ಇಡುವ ಜಾಗ. ಹಾಜಾ ಪಟೇಲ್ ಪೋಳಿನಲ್ಲಿ ಕರಿಕಲ್ಲಿನ ರಾಮ, ಅದೂ ಕುಳಿತ ಭಂಗಿಯಲ್ಲಿ. ಎಲ್ಲಿಯೂ ನಿಂತೇ ಇರುವ ರಾಮ ಇಲ್ಲಾದರೂ ಕೂತಿದ್ದಾನಲ್ಲ ಎಂದು ನನ್ನ ಮೊಣಕಾಲಿಗೆ ಸಮಾಧಾನವಾಯಿತು.

ನಡಿಗೆ ಮುಗಿಯುವುದು ಜುಮ್ಮಾ ಮಸೀದಿಯಲ್ಲಿ. 1424ರ ಕಟ್ಟಡ. 260 ಕಂಬ, 15 ಗುಮ್ಮಟ. ಮುಂದಿನ ಎರಡು ಮಿನಾರುಗಳು 1819ರ ಭೂಕಂಪದಲ್ಲಿ ಬಿದ್ದವು. ಒಳಗಡೆ ಜಾಲಂಧ್ರದ ಮರೆ ಇರುವ ಒಂದು ಅಟ್ಟವಿದೆ, ರಾಣೀವಾಸದವರು ಪ್ರಾರ್ಥನೆಗೆ ಕೂಡುತ್ತಿದ್ದುದು ಅಲ್ಲಂತೆ.

ಮಸೀದಿಯ ಮಗ್ಗುಲಲ್ಲೇ ಅಹಮದ್ ಷಾನ ಸಮಾಧಿ, ಬಾದಷಾನ ಹಜೀರೋ. ಹೆಂಗಸರಿಗೆ ಒಳಗೆ ಪ್ರವೇಶವಿಲ್ಲ. ಗಂಡಸರು ಹೋಗಿ ಬರುವವರೆಗೆ ನಾವು ನಾಲ್ಕು ಜನ ಹೆಂಗಸರು ಹೊರಗೆ ನಿಂತೆವು. ಇಪ್ಪತ್ತೆಂಟು ವರ್ಷ ಇವನ ಹೆಸರು ಮಕ್ಕಳಿಗೆ ಬಾಯಿಪಾಠ ಮಾಡಿಸಿದ್ದಕ್ಕೆ ಇಷ್ಟೇನಾ ಮರ್ಯಾದೆ ಎನಿಸಿತು. "ಬನ್ನಿ, ಅವನನ್ನು ಏನು ನೋಡುತ್ತೀರಿ" ಎಂದು ಬೀಗತಿ ನನ್ನ ಕೈಹಿಡಿದು ಮುಂದಿನ ಬೀದಿಗೆ ಕರೆದೊಯ್ದರು. ಅಲ್ಲಿ ರಾಣಿಯರ ಸಮಾಧಿಗಳು, ರಾಣಿನೋ ಹಜೀರೋ. ನಡುವೆ ಮಹಮೂದ್ ಬೇಗಡಾನ ತಾಯಿ ಮುಘಲೀ ಬೀಬಿಯ ಗೋರಿ. ಅದರ ಸುತ್ತ ಎಲ್ಲಿ ನೋಡಿದರೂ ಬಳೆ, ಓಲೆ, ಕನ್ನಡಿ ಹೊಲಿದ ಘಾಗ್ರಾ, ಊಟದ ಮೇಲೆ ಮೆಲ್ಲುವ ಬಣ್ಣಬಣ್ಣದ ಮುಖವಾಸ. ಕಂಬಕ್ಕೆ ದುಪಟ್ಟಾ ನೇತುಹಾಕಿದ್ದಾರೆ. ಹುಡುಗಿಯರು ಕೂಗಿ ಕೂಗಿ ಚೌಕಾಸಿ ಮಾಡುತ್ತಾರೆ. ಸ್ಮಾರಕಕ್ಕೆ ಇದು ಅವಮಾನ ಎಂದು ಗುಂಪಿನಲ್ಲಿದ್ದ ಒಬ್ಬರು ಮುಖ ಸಿಂಡರಿಸಿದರು. ನನಗೆ ಹಾಗೆ ಅನಿಸಲಿಲ್ಲ. ಜೀವವಿದ್ದಾಗ ಪರದೆಯ ಹಿಂದೆ ಇದ್ದವರ ಸುತ್ತ ಈಗ ದಿನವೂ ಇಷ್ಟು ಗದ್ದಲ. ನಾನೂ ಒಂದು ಡಜನ್ ಬಳೆ ಕೊಂಡೆ. ತೊಡುವುದೋ ಬೇಡವೋ ಎಂದು ಒಂದು ಕ್ಷಣ ತಡೆದೆ. ನಮ್ಮೂರಲ್ಲಿ ಯಜಮಾನರು ಹೋದ ಮೇಲೆ ಹಸಿರು ಬಳೆ ತೊಟ್ಟರೆ ನೋಡುವ ಕಣ್ಣುಗಳೇ ಬೇರೆ. ಬೀಗತಿ ಏನೂ ಹೇಳದೆ ನನ್ನ ಕೈ ಎಳೆದು ಬಳೆಗಾರನ ಮುಂದೆ ಹಿಡಿದರು.

ಅಲ್ಲಿಂದ ಹೊರಟ ಮೇಲೆ ಅವರು ಹೇಳಿದ್ದು ಹರ್‌ಕುಂವರ್ ಶೇಠಾಣಿಯ ಕತೆ. ದಿಲ್ಲಿ ದರವಾಜಾದ ಹೊರಗೆ ಹಠೀಸಿಂಗ್ ಜೈನ ಮಂದಿರವಿದೆ, ಬಿಳಿಯ ಅಮೃತಶಿಲೆಯದು, ಹದಿನೈದನೆಯ ತೀರ್ಥಂಕರ ಧರ್ಮನಾಥನಿಗೆ ಕಟ್ಟಿದ್ದು. ಕೆಲಸ ಶುರುಮಾಡಿದ ವ್ಯಾಪಾರಿ ಹಠೀಸಿಂಗ್ 1845ರಲ್ಲಿ ತೀರಿಕೊಂಡ. ಉಳಿದದ್ದನ್ನು ಮುಂದೆ ನಿಂತು ಮಾಡಿಸಿ 1848ರಲ್ಲಿ ಮುಗಿಸಿದವಳು ಅವನ ಹೆಂಡತಿ. ಹೆಸರು ಮಾತ್ರ ಅವನದು. ನಾನು ಅತ್ತಿಮಬ್ಬೆಯ ಕತೆ ಹೇಳಿದೆ. ಗಂಡ ನಾಗದೇವ ಸತ್ತಾಗ ಸವತಿಯೂ ಆಗಿದ್ದ ತಂಗಿ ಗುಂಡಮಬ್ಬೆ ಚಿತೆಯೇರಿದಳು. ಅತ್ತಿಮಬ್ಬೆ ಮಗನಿಗಾಗಿ ಉಳಿದಳು. ಉಳಿದು ಪೊನ್ನನ ಶಾಂತಿಪುರಾಣದ ಸಾವಿರ ಪ್ರತಿ ಬರೆಸಿದಳು, ರನ್ನನಿಂದ ಅಜಿತಪುರಾಣ ಬರೆಸಿದಳು, ನಮ್ಮ ಲಕ್ಕುಂಡಿಯಲ್ಲಿ 1007ರಲ್ಲಿ ಬ್ರಹ್ಮ ಜಿನಾಲಯ ಕಟ್ಟಿಸಿದಳು. ಪ್ರತಿ ವರ್ಷ ಹುಡುಗಿಯರನ್ನು ಅಲ್ಲಿಗೆ ಸಹಲ್ ಕರೆದುಕೊಂಡು ಹೋಗುತ್ತೇನೆ ಎಂದೆ. ನನ್ನ ಮುರುಕು ಹಿಂದಿಯಲ್ಲಿ ಇದನ್ನೆಲ್ಲ ಹೇಳುವಷ್ಟರಲ್ಲಿ ಮೂರು ಓಣಿ ದಾಟಿದ್ದೆವು. "ಟೀಚರ್‌ಬೆನ್, ನೀವು ಇಷ್ಟು ಮಾತಾಡುತ್ತೀರಾ!" ಎಂದರು ಅವರು. ವೇವಾಣ್ ಹೋಗಿ ಬೆನ್ ಆಗಿದ್ದೆ.

ಅವರು ನಿಂತದ್ದು ಒಂದು ಪೋಳಿನ ಕೊನೆಯ ಮನೆಯ ಮುಂದೆ. ಸೆರಗಿನ ಗಂಟಿನಿಂದ ಕೀಲಿಕೈ ತೆಗೆದರು. ಇದೇ ಅವರ ಹಳೆಯ ಮನೆ. 2017ರಲ್ಲಿ ಯುನೆಸ್ಕೊ ಈ ಊರನ್ನು ವಿಶ್ವ ಪಾರಂಪರಿಕ ನಗರವೆಂದು ಸಾರಿತು, ಭಾರತದಲ್ಲಿ ಅಂಥ ಮೊದಲ ನಗರ. ಆದರೆ ಆ ಹೊತ್ತಿಗೆ ಅರ್ಧ ಪೋಳು ಹೊಳೆಯಾಚೆಯ ಫ್ಲ್ಯಾಟುಗಳಿಗೆ ಹೋಗಿಯಾಗಿತ್ತು. ಅಕ್ಕಪಕ್ಕದ ಮನೆಗಳಲ್ಲಿ ಈಗ ಬಟ್ಟೆಯ ಮೂಟೆಗಳಿವೆ. ಇವರೂ ಮೊದಲೊಮ್ಮೆ ಬಿಟ್ಟುಹೋದವರೇ. 2001ರ ಜನವರಿ 26ರ ಭೂಕಂಪದಲ್ಲಿ ಹೊಳೆಯಾಚೆಯ ಹೊಸ ಬಹುಮಹಡಿ ಕಟ್ಟಡಗಳು ಕುಸಿದು ನೂರಾರು ಜನ ಸತ್ತಾಗ, ಇವರ ಫ್ಲ್ಯಾಟಿನ ಗೋಡೆ ಬಿರುಕು ಬಿಟ್ಟು, ಮಕ್ಕಳನ್ನು ಕಟ್ಟಿಕೊಂಡು ಇದೇ ಹಳೆ ಮನೆಗೆ ಓಡಿಬಂದರಂತೆ. ಇಟ್ಟಿಗೆಯ ನಡುವೆ ಮರದ ಚೌಕಟ್ಟು ಕೂಡಿಸಿ ಕಟ್ಟಿದ ಗೋಡೆ. ನೆಲ ಅಲುಗಿದರೆ ತಾನೂ ತುಸು ಅಲುಗಿ ನಿಲ್ಲುತ್ತದೆ.

ಒಳಗೆ ಬಿಸಿಲು ಬೀಳುವ ಚಿಕ್ಕ ಅಂಗಳ. ಅದರ ಮೂಲೆಯಲ್ಲಿ ಹಿತ್ತಾಳೆಯ ಮುಚ್ಚಳ. ಅದನ್ನು ಸರಿಸಿದರೆ ಕೆಳಗೆ ಕತ್ತಲು, ತಂಪು. ಇದಕ್ಕೆ ತಾಂಕಾ ಎನ್ನುತ್ತಾರೆ. ಮಾಳಿಗೆಯ ಮೇಲೆ ಬಿದ್ದ ಮಳೆ ಕೊಳವೆಯಲ್ಲಿ ಇಳಿದು ಈ ಸುಣ್ಣದ ಗಾರೆಯ ತೊಟ್ಟಿ ಸೇರುತ್ತದೆ. ಮೊದಲ ಮಳೆಯನ್ನು ಮಾತ್ರ ಹೊರಗೆ ಬಿಟ್ಟು, ಮಾಳಿಗೆ ತೊಳೆದ ಮೇಲೆ ಹಿಡಿಯಬೇಕು. ಬಿಸಿಲು ಕಾಣದ ನೀರು ಕೆಡುವುದಿಲ್ಲ, ವರ್ಷವಿಡೀ ಕುಡಿಯಬಹುದು. ಬೀಗತಿ ಪುಟ್ಟ ಕೊಡಕ್ಕೆ ಹಗ್ಗ ಕಟ್ಟಿ ಸೇದಿದರು. ಆಷಾಢದ ಮಳೆಯನ್ನು ನಾನು ಡಿಸೆಂಬರಿನಲ್ಲಿ ಕುಡಿದೆ. ನಮ್ಮ ಗದಗಿನ ಸವಳು ನೀರು ಕುಡಿದ ನಾಲಿಗೆಗೆ ಅದು ಸಿಹಿ ಅನಿಸಿತು.

"ಮದುವೆ ಇದೇ ಓಣಿಯಲ್ಲಿ ಆಯಿತು" ಎಂದರು ಅವರು. ನಾನು ಕೊಡ ಕೆಳಗಿಟ್ಟೆ. "ನಿಮ್ಮವರು ಯಾರೂ ಬರಲಿಲ್ಲ. ಹುಡುಗಿ ಒಬ್ಬಳೇ ಎಲ್ಲಿಂದ ಬರಬೇಕು? ಎದುರು ಮನೆಯನ್ನೇ ತೌರುಮನೆ ಮಾಡಿದೆವು. ನಮ್ಮಲ್ಲಿ ಒಂದು ಪದ್ಧತಿ ಇದೆ. ಮದುವಣಿಗ ಬಾಗಿಲಿಗೆ ಬಂದಾಗ ಹುಡುಗಿಯ ತಾಯಿ ಆರತಿ ಮಾಡಿ ಅವನ ಮೂಗು ಹಿಡಿದೆಳೆಯಬೇಕು, ತಮಾಷೆಗೆ. ನಿನ್ನ ಸೊಕ್ಕು ನಮ್ಮ ಮಗಳ ಮುಂದೆ ಬೇಡ ಅಂತ. ನೀವಿರಲಿಲ್ಲ. ಎದುರು ಮನೆ ಬಾ ಹಿಡಿದರು."

ಹಿಂದಿಯಲ್ಲಿ ಕ್ಷಮೆ ಕೇಳುವ ವಾಕ್ಯವನ್ನು ಎಷ್ಟು ಸಲ ಬೋರ್ಡಿನ ಮೇಲೆ ಬರೆದಿದ್ದೇನೋ. ಆಗ ಒಂದು ಶಬ್ದವೂ ಬರಲಿಲ್ಲ. ಅವರೂ ಕಾಯಲಿಲ್ಲ. ಕೊಡ ಮತ್ತೆ ತುಂಬಿಸಿ ನನ್ನ ಕೈಗಿತ್ತರು. ಎದುರು ಮನೆ ಬಾ ಇವತ್ತಿಗೂ ಕುಡಿಯುವುದು ಈ ತಾಂಕಾದ ನೀರನ್ನೇ ಅಂತೆ.

ನಾಲ್ಕೇ ಹೆಜ್ಜೆಯ ಓಣಿ. ಬಾ ಜಗಲಿಯ ಮೇಲೆ ಬಿಸಿಲಿಗೆ ಕೂತು ಮೆಂತ್ಯದ ಸೊಪ್ಪು ಬಿಡಿಸುತ್ತಿದ್ದರು. ಎಂಬತ್ತು ದಾಟಿರಬೇಕು. ಬೀಗತಿ ಗುಜರಾತಿಯಲ್ಲಿ ಏನೋ ಹೇಳಿದರು. ನಾನು ಕೊಡ ಇಳಿಸಿ ಅವರ ಕಾಲು ಮುಟ್ಟಿದೆ. ಅವರು ನನ್ನ ಗದ್ದ ಹಿಡಿದೆತ್ತಿ ಬಹಳ ಹೊತ್ತು ನೋಡಿದರು. ಅವರಿಗೆ ಹಿಂದಿ ಬಾರದು, ನನಗೆ ಗುಜರಾತಿ ಬಾರದು. ಆಮೇಲೆ ಹಲ್ಲಿಲ್ಲದ ಬಾಯಿ ತೆರೆದು ನಕ್ಕು, ಹೀಗೆ ಹಿಡಿದೆ, ಹೀಗೆ ಎಂಬಂತೆ, ಮೆಂತ್ಯದ ವಾಸನೆಯ ಬೆರಳುಗಳಿಂದ ನನ್ನ ಮೂಗನ್ನೇ ಹಿಡಿದು ಎಳೆದು ತೋರಿಸಿದರು.