ಮಾಣಿಯ ಹೆಸರು

ಮುಂಬೈ ಮಾಟುಂಗಾದಲ್ಲಿ ರಾಮನಾಯಕರು ಉಡುಪಿ ಶ್ರೀಕೃಷ್ಣ ಬೋರ್ಡಿಂಗ್ ತೆರೆದಿದ್ದು 1942ರಲ್ಲಿ. ಹೋಟೆಲ್ ಕೆಲಸದಿಂದ ಮೇಲೆ ಬಂದು ಮಾಲೀಕರಾದವರ ಕಥೆ ನಮಗೆಲ್ಲ ಇಷ್ಟ. ನನ್ನನ್ನು ಕಾಡೋದು ಟೇಬಲ್ ಒರೆಸುತ್ತಲೇ ಉಳಿದುಬಿಟ್ಟ ಹುಡುಗರು.

ಕರಾವಳಿಯಲ್ಲಿ ‘ಮಾಣಿ’ ಅಂದ್ರೆ ಹುಡುಗ. ಹೋಟೆಲಿನಲ್ಲಿ ಅದೇ ಎಲ್ಲರ ಹೆಸರಾಯ್ತು. ದಿನವಿಡೀ ಕರೆಯೋರೇ, ಮಾತಾಡಿಸೋರು ಮಾತ್ರ ಯಾರೂ ಇಲ್ಲ. ರಾತ್ರಿ ಅದೇ ಟೇಬಲ್ ಮೇಲೆ ನಿದ್ದೆ. 1986ರ ಬಾಲಕಾರ್ಮಿಕ ಕಾಯ್ದೆಯ ನಿಷೇಧದ ಪಟ್ಟಿಯಲ್ಲಿ ರೈಲ್ವೆ ನಿಲ್ದಾಣದ ಕ್ಯಾಂಟೀನ್ ಇತ್ತು, ಬೀದಿಯ ಹೋಟೆಲ್ ಇರಲಿಲ್ಲ! ಅದು ಸೇರಿದ್ದು 2006ರ ಅಕ್ಟೋಬರಿನಲ್ಲಿ.

ಅದಕ್ಕೂ ಎಷ್ಟೋ ಮೊದಲೇ ಮುಂಬೈ ಕನ್ನಡಿಗರು ಈ ಹುಡುಗರಿಗಾಗಿ ರಾತ್ರಿಶಾಲೆ ನಡೆಸುತ್ತಿದ್ದರು. ಪಾಠ ಹಾಗಿರಲಿ, ಹಾಜರಿ ಕೂಗುವಾಗಲಾದರೂ ಅವನ ಸ್ವಂತ ಹೆಸರು ಅವನ ಕಿವಿಗೆ ಬೀಳುತ್ತಿತ್ತಲ್ಲ ಅನ್ಸುತ್ತೆ.