ಫಾಸಿಸ್ ನದಿಯ ಹಕ್ಕಿ

ಫೆಸೆಂಟ್ ಎಂಬ ಪದದೊಳಗೆ ಒಂದು ನದಿ ಇದೆ. ಕಾಕಸಸ್ ಬೆಟ್ಟಗಳಲ್ಲಿ ಹುಟ್ಟಿ, ಪಶ್ಚಿಮ ಜಾರ್ಜಿಯಾದ ಬಯಲನ್ನು ಹಾದು, ಪೋತಿ ಬಂದರಿನ ಬಳಿ ಕಪ್ಪು ಸಮುದ್ರ ಸೇರುವ ಆ ನದಿಯ ಇಂದಿನ ಹೆಸರು ರಿಯೋನಿ. ಹಳೆಯ ಗ್ರೀಕರು ಅದನ್ನು ಫಾಸಿಸ್ ಎಂದು ಕರೆದರು. ಅದರ ದಂಡೆಯ ಜೊಂಡಿನಲ್ಲಿ, ಪೊದೆಗಳ ನಡುವೆ ಓಡಾಡುತ್ತಿದ್ದ ತಾಮ್ರದ ಮೈಬಣ್ಣದ, ಉದ್ದ ಬಾಲದ ಹಕ್ಕಿಯನ್ನು ‘ಫಾಸಿಯಾನೋಸ್’ ಎಂದರು, ಅಂದರೆ ಫಾಸಿಸ್‌ನದು. ಆ ನಾಡಿಗೆ ಅವರಿಟ್ಟ ಹೆಸರು ಕೋಲ್ಖಿಸ್. ಚಿನ್ನದ ಉಣ್ಣೆ ಹುಡುಕಿಕೊಂಡು ಅಲ್ಲಿಗೆ ಹೋದ ಜೇಸನ್ ಮರಳುವಾಗ ಈ ಹಕ್ಕಿಯನ್ನೂ ಹಡಗಿನಲ್ಲಿ ತಂದ ಎಂದು ಕಥೆ ಕಟ್ಟಿದರು. 1758ರಲ್ಲಿ ಲಿನೇಯಸ್ ಇದಕ್ಕೆ ಫಾಸಿಯಾನಸ್ ಕೋಲ್ಖಿಕಸ್ ಎಂದು ಹೆಸರಿಟ್ಟಾಗ ನದಿ, ನಾಡು ಎರಡೂ ಒಂದೇ ಹೆಸರಿನಲ್ಲಿ ಕೂತವು.

ಆದರೆ ಆ ನದಿಯ ದಂಡೆಯಲ್ಲೇ ಬದುಕುವ ಜಾರ್ಜಿಯಾದ ಜನ ಈ ಹಕ್ಕಿಯನ್ನು ಕರೆಯುವುದು ‘ಖೋಖೋಬಿ’ ಎಂದು. ಅವರ ರಾಜಧಾನಿಯ ಹುಟ್ಟಿನ ಕಥೆಯಲ್ಲೂ ಅದಿದೆ. ರಾಜ ವಖ್ತಾಂಗ್ ಗೋರ್ಗಸಾಲಿ ಬೇಟೆಗೆ ಹೋದಾಗ ಅವನ ಡೇಗೆ ಒಂದು ಖೋಖೋಬಿಯನ್ನು ಹಿಡಿಯಿತಂತೆ. ಎರಡೂ ಬಿಸಿನೀರಿನ ಬುಗ್ಗೆಗೆ ಬಿದ್ದವಂತೆ. ಬುಗ್ಗೆ ಕಂಡ ರಾಜ ಅಲ್ಲೇ ಊರು ಕಟ್ಟಿಸಿದನಂತೆ. ತ್ಬಿಲಿಸಿ ಎಂಬ ಹೆಸರಿನಲ್ಲಿರುವುದು ಆ ಬೆಚ್ಚನೆಯ ನೀರೇ. ಹಕ್ಕಿಗೆ ನದಿಯ ಹೆಸರು ಬೇಕಾದದ್ದು ಹೊರಗಿನಿಂದ ಬಂದವರಿಗೆ. ಜೊತೆಯಲ್ಲಿ ಬಾಳಿದವರ ಬಳಿ ಅದಕ್ಕೆ ಅದರದೇ ಹೆಸರಿತ್ತು.

ಈ ಹಕ್ಕಿಯ ತವರು ಜಾರ್ಜಿಯಾಕ್ಕೆ ಮುಗಿಯುವುದೂ ಇಲ್ಲ. ಕಪ್ಪು ಸಮುದ್ರದಿಂದ ಮಧ್ಯ ಏಷ್ಯಾದ ನದೀಕಣಿವೆಗಳ ಮೂಲಕ ಚೀನಾ, ಕೊರಿಯಾ, ತೈವಾನ್‌ವರೆಗೆ ಸುಮಾರು 30 ಉಪಜಾತಿಗಳಾಗಿ ಅದು ಹರಡಿಕೊಂಡಿದೆ. ಗ್ರೀಕರು ಕಂಡದ್ದು ಆ ಹರಹಿನ ಪಶ್ಚಿಮದ ಅಂಚನ್ನು ಮಾತ್ರ. ಚೀನಾದಲ್ಲಿ ಅದರ ಹಳೆಯ ಹೆಸರು ‘ಝಿ’. ಹಾನ್ ವಂಶದ ಸಾಮ್ರಾಜ್ಞಿ ಲ್ಯೂ ಅವಳ ಹೆಸರೂ ಝಿ ಆಗಿದ್ದರಿಂದ ಆ ಪದವನ್ನು ಬಾಯಲ್ಲಿ ಆಡದೆ ‘ಯೆಜಿ’, ಅಂದರೆ ಕಾಡುಕೋಳಿ, ಎಂದು ಕರೆಯತೊಡಗಿದರು ಎಂದು ಅಲ್ಲಿನ ಹಳೆಯ ಬರಹಗಳು ಹೇಳುತ್ತವೆ. ಯೆಜಿ ಇಂದಿಗೂ ಬಳಕೆಯಲ್ಲಿದೆ. ಜಪಾನಿನ ಹಸಿರು ಫೆಸೆಂಟ್ ಅವರಿಗೆ ‘ಕಿಜಿ’; 1947ರಿಂದ ಅವರ ರಾಷ್ಟ್ರಪಕ್ಷಿ.

ಪಶ್ಚಿಮಕ್ಕೆ ಹೊರಟ ಹಕ್ಕಿಯನ್ನು ಮನುಷ್ಯನೇ ಎತ್ತಿಕೊಂಡು ಹೋದ. ರೋಮನ್ನರು ಅದನ್ನು ಕೊಬ್ಬಿಸಿ ತಿಂದರು. 1454ರಲ್ಲಿ ಬರ್ಗಂಡಿಯ ದೊರೆ ಫಿಲಿಪ್, ಲಿಲ್ ನಗರದಲ್ಲಿ ಔತಣವಿಟ್ಟು, ಹಿಂದಿನ ವರ್ಷ ತುರ್ಕರ ಕೈಸೇರಿದ್ದ ಕಾನ್‌ಸ್ಟಾಂಟಿನೋಪಲ್ಲಿಗಾಗಿ ಧರ್ಮಯುದ್ಧ ಮಾಡುವೆನೆಂದು ಜೀವಂತ ಫೆಸೆಂಟ್ ಒಂದರ ಮುಂದೆ ಪ್ರತಿಜ್ಞೆ ಮಾಡಿದ. ಯುದ್ಧ ಮಾತ್ರ ನಡೆಯಲಿಲ್ಲ. ಇಂಗ್ಲೆಂಡಿನಲ್ಲಿ ಮೊದಲು ನೆಲೆಸಿದ್ದು ಕೊರಳಲ್ಲಿ ಬಿಳಿ ಪಟ್ಟಿಯಿಲ್ಲದ ಕಾಕಸಸ್‌ನ ತಳಿ. ಹದಿನೆಂಟನೆಯ ಶತಮಾನದಲ್ಲಿ ಚೀನಾದಿಂದ ಪಟ್ಟಿಯ ತಳಿ ಬಂದಾಗ, ಮೊದಲಿನದನ್ನು ಪ್ರತ್ಯೇಕಿಸಿ ಹೇಳಲು ‘ಹಳೇ ಇಂಗ್ಲಿಷ್ ಫೆಸೆಂಟ್’ ಎಂದರು. ಆಮೇಲೆ ಬಂದ ವಲಸಿಗನೆದುರು ಮೊದಲು ಬಂದ ವಲಸಿಗ ಮೂಲನಿವಾಸಿಯಾದ. ಈಗ ಎರಡೂ ಬೆರೆತುಹೋಗಿವೆ, ಮತ್ತು ಬೇಟೆಗೆಂದೇ ಸಾಕಿ ವರ್ಷವರ್ಷವೂ ಕೋಟಿಗಟ್ಟಲೆ ಮರಿಗಳನ್ನು ಬ್ರಿಟನ್ನಿನ ಹೊಲಗಾಡುಗಳಿಗೆ ಬಿಡುತ್ತಾರೆ. ಗುಂಡಿಗೆಂದೇ ಹುಟ್ಟಿಸುವ ಈ ಲೆಕ್ಕಾಚಾರ ನನಗೆ ಒಪ್ಪಿಗೆಯಿಲ್ಲ.

ಅಮೆರಿಕದ ಕಥೆ ಇನ್ನೂ ಈಚಿನದು. ಶಾಂಘೈಯಲ್ಲಿ ಅಮೆರಿಕದ ಕಾನ್ಸಲ್ ಜನರಲ್ ಆಗಿದ್ದ ಓವೆನ್ ಡೆನ್ನಿ 1881ರಲ್ಲಿ ತನ್ನ ಆರೆಗಾನ್ ಸೀಮೆಗೆ ಚೀನಾದ ಹಕ್ಕಿಗಳನ್ನು ಹಡಗಿನಲ್ಲಿ ಕಳುಹಿಸಿದ. ಹೆಚ್ಚಿನವು ದಾರಿಯಲ್ಲೇ ಸತ್ತವು. ಮರುವರ್ಷ ಕಳುಹಿಸಿದವು ವಿಲಾಮೆಟ್ ಕಣಿವೆಯಲ್ಲಿ ನೆಲೆ ಕಂಡವು. ಹತ್ತು ವರ್ಷಗಳಲ್ಲಿ ಬೇಟೆಯ ಋತು ತೆರೆಯುವಷ್ಟು ಹೆಚ್ಚಿದವು. ಜೋಳ, ಗೋಧಿ ಬೆಳೆಯುವ ಸೌತ್ ಡಕೋಟಾ 1943ರಲ್ಲಿ ಇದನ್ನೇ ತನ್ನ ರಾಜ್ಯಪಕ್ಷಿ ಮಾಡಿಕೊಂಡಿತು. ಅಲ್ಲಿನ ಹುಲ್ಲುಗಾವಲಿನಲ್ಲೇ ಹುಟ್ಟಿ ಬೆಳೆದ ಪ್ರೇರಿ ಕೋಳಿಗೆ ಆ ಮನ್ನಣೆ ಸಿಗಲಿಲ್ಲ.

ಪದದ ಸಂಚಾರ ಹಕ್ಕಿಯದಕ್ಕಿಂತ ದೊಡ್ಡದು. ಹಕ್ಕಿ ಇಲ್ಲದ ಕಡೆಗೂ ಪದ ಹೋಯಿತು. ದಕ್ಷಿಣ ಆಫ್ರಿಕಾಕ್ಕೆ ಬಂದ ಡಚ್ಚರು ಅಲ್ಲಿನ ಗೌಜಲಹಕ್ಕಿಯಂಥವನ್ನು ‘ಫಿಸಾಂಟ್’ ಎಂದರು. ಆಸ್ಟ್ರೇಲಿಯಾದ ಮೊದಲ ಬಿಳಿಯರಿಗೆ ಲೈರ್ ಹಕ್ಕಿ ಬೆಟ್ಟದ ಫೆಸೆಂಟ್ ಆಗಿ ಕಂಡಿತು. ಗಯಾನಾದ ರಾಷ್ಟ್ರಪಕ್ಷಿ ಹೋಟ್ಸಿನ್ ಎಲೆ ಮೇಯುವ, ಮರಿಗಳ ರೆಕ್ಕೆಯಲ್ಲಿ ಉಗುರಿರುವ, ಹತ್ತಿರದ ನಂಟರೇ ಇಲ್ಲದ ಹಕ್ಕಿ. ಕಾಂಜೆ ನದಿಯ ಬಳಿ ಅದಕ್ಕೂ ‘ಕಾಂಜೆ ಫೆಸೆಂಟ್’ ಎಂದು ಹೆಸರು. ಪರದೇಶದಲ್ಲಿ ಇಳಿದವನಿಗೆ ಉದ್ದ ಬಾಲವೊಂದು ಕಂಡರೆ ಸಾಕಿತ್ತು. ಹೊಸದನ್ನು ಹೊಸದಾಗಿ ನೋಡುವುದಕ್ಕಿಂತ ಮನೆಯ ಪದವನ್ನು ಅದರ ಮೇಲೆ ಹೊದಿಸುವುದು ಸುಲಭ.

ನಮ್ಮ ಕೆಂಬೂತಕ್ಕೂ ಆದದ್ದು ಅದೇ. ಇಂಗ್ಲಿಷರು ಅದನ್ನು ಕಾಗೆ-ಫೆಸೆಂಟ್ ಎಂದು ಕರೆದರು. ಆಗಷ್ಟೇ ಹಡಗಿಳಿದ ಸಿಪಾಯಿಗಳು ಪೊದೆಯಿಂದ ಹಾರುವ ಈ ಕಂದು ರೆಕ್ಕೆ, ಉದ್ದ ಬಾಲದ ಹಕ್ಕಿಯನ್ನು ಫೆಸೆಂಟ್ ಎಂದೇ ನಂಬಿ ಹೊಡೆದು ತಿಂದು ಮುಖ ಸಿಂಡರಿಸಿದ್ದರಿಂದ ‘ಗ್ರಿಫ್ ಫೆಸೆಂಟ್’ ಎಂಬ ಹೆಸರೂ ಅಂಟಿತು. ಗ್ರಿಫ್ ಎಂದರೆ ಹೊಸಬ. ಕೆಂಬೂತ ಕೋಗಿಲೆಯ ಕುಟುಂಬದ್ದು. ಆದರೆ ಪರರ ಗೂಡಿನಲ್ಲಿ ಮೊಟ್ಟೆಯಿಡದೆ ತನ್ನ ಗೂಡು ತಾನೇ ಕಟ್ಟಿಕೊಳ್ಳುತ್ತದೆ. ಕನ್ನಡದಲ್ಲಿ ಅದು ಸಾಂಬಾರಕಾಗೆಯೂ ಹೌದು, ಕಂಡರೆ ಶುಭವೆನ್ನುವವರಿಗೆ ರತ್ನಪಕ್ಷಿಯೂ ಹೌದು. ನವಿಲು ಕುಣಿಯಿತೆಂದು ಕೆಂಬೂತ ಪುಕ್ಕ ಕೆದರಿಕೊಂಡಿತು ಎಂಬ ನಮ್ಮ ಗಾದೆಯನ್ನು ಹಕ್ಕಿಶಾಸ್ತ್ರದ ಕಣ್ಣಿನಿಂದ ನೋಡಿದರೆ ಸೊಗಸಾಗಿದೆ: ನವಿಲು ನಿಜವಾಗಿ ಫೆಸೆಂಟ್ ಕುಟುಂಬದ್ದು, ಕೆಂಬೂತ ಅಲ್ಲ. ಗಾದೆ ಕಟ್ಟಿದವರು ಎರಡರ ಅಂತರವನ್ನು ಯಾವ ಪುಸ್ತಕವೂ ಇಲ್ಲದೆ ಸರಿಯಾಗಿ ಗುರುತಿಸಿದ್ದರು. ಕಾಡುಕೋಳಿ, ಚಿಟ್ಟುಕೋಳಿ, ಗೌಜಲಹಕ್ಕಿ ಕೂಡ ಅದೇ ಕುಟುಂಬ. ಹಿತ್ತಲಲ್ಲಿ ಕೆದಕುವ ಊರಕೋಳಿಯೂ ಅದೇ, ಮತ್ತು ಮನುಷ್ಯ ಜಗತ್ತಿನ ಮೂಲೆಮೂಲೆಗೆ ಕೊಂಡೊಯ್ದವುಗಳಲ್ಲಿ ಅದರಷ್ಟು ದೂರ ಹೋದ ಹಕ್ಕಿ ಇನ್ನೊಂದಿಲ್ಲ. ಹಾಗಾಗಿ ಕನ್ನಡದಲ್ಲಿ ಫೆಸೆಂಟಿಗೆ ಪದವಿಲ್ಲ ಎಂದು ಕೊರಗಬೇಕಿಲ್ಲ. ಈ ನೆಲದಲ್ಲಿ ಆ ಕುಟುಂಬದ ಯಾವ ಯಾವ ಹಕ್ಕಿ ಇದೆಯೋ ಅದಕ್ಕೆಲ್ಲ ನಾವು ಪದ ಕೊಟ್ಟಿದ್ದೇವೆ.

ನನಗೆ ಕಸಿವಿಸಿಯಾಗುವುದು ಹಿಮಾಲಯದ ಹಕ್ಕಿಗಳ ಬಗ್ಗೆ ಕನ್ನಡದಲ್ಲಿ ಓದುವಾಗ. ಫೆಸೆಂಟ್ ಕುಟುಂಬದ ಅತಿ ಚೆಲುವಾದ ಹಕ್ಕಿಗಳ ತವರು ಅದು. ಹಿಮಾಚಲದವರು ತಮ್ಮ ರಾಜ್ಯಪಕ್ಷಿಯನ್ನು ಜುಜುರಾಣ ಎನ್ನುತ್ತಾರೆ, ಹಕ್ಕಿಗಳ ರಾಜ. ಎಲ್ಲ ಹಕ್ಕಿಗಳೂ ಒಂದೊಂದು ಗರಿ ಕೊಟ್ಟು ಅದನ್ನು ಸಿಂಗರಿಸಿದವೆಂದು ನಂಬುತ್ತಾರೆ. ಅದರ ಸಂತತಿ ಅಳಿವಿನಂಚಿಗೆ ಸರಿದದ್ದರಿಂದ ಸರಾಹನ್‌ನಲ್ಲಿ ಕಷ್ಟಪಟ್ಟು ಮರಿ ಮಾಡಿಸುತ್ತಿದ್ದಾರೆ. ನಮ್ಮ ಬರಹಗಳಲ್ಲಿ ಅದು ‘ಪಶ್ಚಿಮದ ಟ್ರಾಗೊಪನ್’. ನೇಪಾಳದ ರಾಷ್ಟ್ರಪಕ್ಷಿ ಡಾಂಫೆ. ಉತ್ತರಾಖಂಡದವರಿಗೆ ಅದೇ ಮೋನಾಲ್. ಮಣಿಪುರದ ರಾಜ್ಯಪಕ್ಷಿ ನೋಂಗಿನ್. ಕಾಂಗ್ರೆಸ್ಸಿನ ಸ್ಥಾಪಕರಲ್ಲೊಬ್ಬನಾದ ಎ.ಓ. ಹ್ಯೂಮ್ 1881ರಲ್ಲಿ ಅದನ್ನು ವಿಜ್ಞಾನಕ್ಕೆ ವಿವರಿಸಿ ಹೆಂಡತಿಯ ಹೆಸರಿಟ್ಟ. ಪುಸ್ತಕಗಳಲ್ಲಿ ಅದು ಇಂದಿಗೂ ‘ಶ್ರೀಮತಿ ಹ್ಯೂಮ್ ಫೆಸೆಂಟ್’. ಮೈತೇಯಿ ಜನರಿಗೆ ಅದಕ್ಕೂ ಮೊದಲಿನಿಂದ ಅದು ನೋಂಗಿನ್. ಕನ್ನಡದಲ್ಲಿ ಬರೆಯುವ ನಾವು ಈ ಹಕ್ಕಿಗಳ ಹೆಸರನ್ನು ಲಂಡನ್ನಿನ ಮೂಲಕ ತರಿಸಿಕೊಳ್ಳಬೇಕೆ? ಜುಜುರಾಣ, ಡಾಂಫೆ, ನೋಂಗಿನ್ ನಮ್ಮ ಲಿಪಿಯಲ್ಲಿ ಸಲೀಸಾಗಿ ಕೂರುತ್ತವೆ, ನಾಲಿಗೆಗೂ ಹಗುರ.

ಊರಿನವರ ಹೆಸರನ್ನೇ ಉಳಿಸಿಕೊಳ್ಳಬಹುದು ಎಂಬುದಕ್ಕೆ ಹಿಮಾಲಯದ ತಪ್ಪಲಿನ ಕಾಲೀಜ್ ಫೆಸೆಂಟ್ ಸಾಕ್ಷಿ. ಪಹಾಡಿ ಜನರ ಆ ಹೆಸರನ್ನು ಇಂಗ್ಲಿಷರೇ ಹಾಗೆಯೇ ಎತ್ತಿಕೊಂಡರು. 1962ರಲ್ಲಿ ಕೆಲವು ಕಾಲೀಜ್‌ಗಳನ್ನು ಹವಾಯಿಯ ದೊಡ್ಡ ದ್ವೀಪದ ಜಾನುವಾರು ಕಾವಲೊಂದರಲ್ಲಿ ಬಿಟ್ಟರು. ಅವು ಅಲ್ಲಿನ ಜ್ವಾಲಾಮುಖಿಯ ಇಳಿಜಾರಿನ ಕಾಡುಗಳಿಗೆ ಹರಡಿದವು. ಒಂದು ಹೇಟೆಯ ಸುತ್ತ ಹಲವು ಹುಂಜಗಳು ಸೇರಿ ಮರಿ ಸಾಕುವ ವಿಚಿತ್ರ ಸಂಸಾರವನ್ನೂ ಹೂಡಿದವು. ಸಂಶೋಧಕರು ಅದನ್ನು ಅಭ್ಯಾಸ ಮಾಡಿದ್ದಾರೆ, ಮತ್ತು ತಮ್ಮ ವರದಿಗಳಲ್ಲಿ ಕಾಲೀಜ್ ಎಂದೇ ಬರೆದಿದ್ದಾರೆ.